ಶಿರಸಿ ಹತ್ತಿರದ ಸರ್ಕಾರಿ ಶಾಲೆಯಲ್ಲಿ ಐದು ವರ್ಷ ಅತಿಥಿ ಶಿಕ್ಷಕಿಯಾಗಿದ್ದೆ. ಈ ಜೂನ್‌ನಲ್ಲಿ ಬೇರೆಯವರನ್ನು ತಗೊಂಡರು. ಕೋರ್ಟಿಗೆ ಹೋದರೆ ಕೆಲಸ ಕಾಯಂ ಆಗುತ್ತಾ?

ಕಾಯಂ ಆಗುವುದು ಕಷ್ಟ. ಆದರೆ ನಿಮ್ಮ ಜಾಗಕ್ಕೆ ಬಂದವರೂ ಅತಿಥಿ ಶಿಕ್ಷಕರೇ ಆಗಿದ್ದರೆ, ಅದನ್ನು ಪ್ರಶ್ನಿಸಲು ಒಳ್ಳೆಯ ಆಧಾರ ಇದೆ.

ಎಲ್ಲ ನಿಂತಿರುವುದು ನೇಮಕವಾದ ದಾರಿಯ ಮೇಲೆ. ಸರ್ಕಾರಿ ಹುದ್ದೆಗೆ ಎಲ್ಲರಿಗೂ ಸಮಾನ ಅವಕಾಶ ಇರಬೇಕು ಅನ್ನುತ್ತದೆ ಸಂವಿಧಾನದ 16ನೇ ವಿಧಿ. ಅತಿಥಿ ಶಿಕ್ಷಕರನ್ನು ಆ ವರ್ಷದ ಮಟ್ಟಿಗೆ ಶಾಲೆಯ ಹಂತದಲ್ಲೇ ತಗೊಳ್ಳುತ್ತಾರೆ, ಅಲ್ವಾ? ಹಾಗಾಗಿ ಎಷ್ಟು ವರ್ಷ ದುಡಿದರೂ ಅಷ್ಟರಿಂದಲೇ ಕಾಯಂ ಹಕ್ಕು ಹುಟ್ಟುವುದಿಲ್ಲ ಎಂದು 2006ರ ಉಮಾದೇವಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಕರ್ನಾಟಕದ್ದೇ ಕೇಸು ಅದು. ಜೋರು ಮಳೆಯಲ್ಲೂ ಹಳ್ಳ ದಾಟಿ ಹೋಗಿ ಏಕೋಪಾಧ್ಯಾಯ ಶಾಲೆ ನಡೆಸಿದವರಿಗೆ ಇದು ತುಂಬಾ ಕಠಿಣ ಮಾತು, ನನಗೂ ಹಾಗೇ ಅನ್ನಿಸುತ್ತದೆ.

ಆದರೆ ತಾತ್ಕಾಲಿಕ ನೌಕರರನ್ನು ತೆಗೆದು ಇನ್ನೊಬ್ಬ ತಾತ್ಕಾಲಿಕರನ್ನು ಕೂರಿಸಬಾರದು, ಕಾಯಂ ಆಗಿ ಆಯ್ಕೆಯಾದವರು ಬಂದರೆ ಮಾತ್ರ ಬಿಡಿಸಬಹುದು ಎಂದು 1992ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ನಿಮ್ಮ ವಾದ ಇಲ್ಲಿಂದಲೇ ಶುರುವಾಗಲಿ.

ಪ್ರತಿ ವರ್ಷದ ಆದೇಶದ ಪ್ರತಿ, ಹಾಜರಿ ಪುಸ್ತಕದ ನಕಲು, ಗೌರವಧನ ಜಮೆಯಾದ ಪಾಸ್‌ಬುಕ್ ಪುಟ ಈಗಲೇ ತೆಗೆದಿಡಿ. ಮೊದಲು ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಕಚೇರಿಗೆ ಲಿಖಿತ ಮನವಿ ಕೊಟ್ಟು ಸ್ವೀಕೃತಿ ಪಡೆಯಿರಿ. ನಮ್ಮ ಉತ್ತರ ಕನ್ನಡ ಜಿಲ್ಲೆಗೆ ಹೈಕೋರ್ಟ್ ಅಂದರೆ ಧಾರವಾಡ ಪೀಠ. ತಡ ಮಾಡಬೇಡಿ, ಶಾಲಾ ವರ್ಷ ಮುಗಿದರೆ ಕೇಸಿನ ಬಲ ಕುಗ್ಗುತ್ತದೆ.