ನಿರಾಶ್ರಿತರಿಗೆ ಕಲೆಯಿಂದ ಏನು ಸಿಗುತ್ತದೆ?

ಊರು ಬಿಟ್ಟು ಓಡಿಬಂದವರು ಶಿಬಿರದಲ್ಲಿ ಕೂತು ಚಿತ್ರ ಬರೆಯುವುದು, ಕಸೂತಿ ಹಾಕುವುದು ಸುಮ್ನೆ ಹೊತ್ತು ಕಳೆಯಲು ಮಾತ್ರ ಅಲ್ಲ. ಬಾಯಲ್ಲಿ ಹೇಳಲಾಗದ್ದನ್ನು ಹೊರಗೆ ಹಾಕಲು, ಬಿಟ್ಟುಬಂದ ಊರನ್ನು ಹೇಗೋ ಉಳಿಸಿಕೊಳ್ಳಲು ಅದೊಂದು ದಾರಿ.

ಶಿಬಿರದಲ್ಲಿ ಊಟ, ಜಾಗ, ಮುಂದೆ ಹೋಗಬೇಕಾದ ದೇಶ, ಹೆಚ್ಚಿನದನ್ನು ಬೇರೆಯವರೇ ತೀರ್ಮಾನಿಸುತ್ತಾರೆ. ನೂಲು ಕೆಂಪಿರಬೇಕೋ ನೀಲಿಯೋ ಎನ್ನುವುದು ಮಾತ್ರ ನಿರಾಶ್ರಿತರ ಕೈಯಲ್ಲಿರುತ್ತದೆ. ಇನ್ನೊಂದು ವಿಷಯ: ಭಯದ ನೆನಪು ಹೇಳದೆ ಕೇಳದೆ, ಚೂರುಚೂರಾಗಿ ನುಗ್ಗುತ್ತದೆ. ಅದನ್ನು ಚಿತ್ರ ಮಾಡಲು ಹೊರಟರೆ ಯಾವುದು ಮೊದಲು, ಯಾವುದು ಆಮೇಲೆ ಎಂದು ಜೋಡಿಸಲೇಬೇಕು. ಆಗ ನೆನಪಿಗೆ ಒಂದು ಅಂಚು ಸಿಗುತ್ತದೆ.

1975ರ ನಂತರ ಲಾವೋಸ್‌ನಿಂದ ಥಾಯ್ಲೆಂಡಿಗೆ ಓಡಿಬಂದ ಹ್ಮಾಂಗ್ ಎಂಬ ಬೆಟ್ಟದ ಬುಡಕಟ್ಟಿನ ಜನರನ್ನೇ ನೋಡಿ. ಅವರ ಹೆಂಗಸರು ಮೊದಲಿನಿಂದಲೂ ಬಟ್ಟೆಯ ಮೇಲೆ ಸುರುಳಿ, ಚೌಕಗಳ ಕಸೂತಿ ಹಾಕುತ್ತಿದ್ದರು. ಥಾಯ್ಲೆಂಡಿನ ಬಾನ್ ವಿನಾಯ್‌ನಂಥ ಶಿಬಿರಗಳಲ್ಲಿ ಆ ಬಟ್ಟೆಯ ಮೇಲೆ ಮನುಷ್ಯರು ಮೂಡಿದರು. ಒಂದು ಕಡೆ ಊರಿನ ಹೊಲ, ಮೇಲೆ ವಿಮಾನ, ಬಂದೂಕು ಹಿಡಿದ ಸೈನಿಕರು, ಮಗುವನ್ನು ಬೆನ್ನಿಗೆ ಕಟ್ಟಿಕೊಂಡವರ ಸಾಲು, ಕೊನೆಗೆ ಮೆಕಾಂಗ್ ನದಿ ದಾಟುವವರು. ಇವನ್ನು ಮಾರಿದರೆ ನಾಲ್ಕು ಕಾಸೂ ಸಿಗುತ್ತಿತ್ತು. ಅದೂ ಬೇಕಲ್ವಾ? ಮಾರಾಟಕ್ಕೆ ಹೊಲಿದದ್ದು ಎಂದ ಮಾತ್ರಕ್ಕೆ ನೋವು ಸುಳ್ಳಾಗುವುದಿಲ್ಲ.

ಇದು ಎಲ್ಲರಿಗೂ ಒಗ್ಗುವುದಿಲ್ಲ ಅನ್ನಿ. ಕಂಡದ್ದನ್ನು ಚಿತ್ರ ಮಾಡಲು ಕೂತರೆ ಕೆಲವರಿಗೆ ಭಯ ಇನ್ನೂ ಜಾಸ್ತಿಯಾಗುತ್ತದೆ. ಅಂಥವರಿಗೆ ಅಜ್ಜಿ ಕಲಿಸಿದ ಹಳೆಯ ಹೂಬಳ್ಳಿಯೇ ಸಾಕು.