ಅಪ್ಪ ಅಮ್ಮನ ಜೊತೆ ವಿಯೆಟ್ನಾಂಗೆ ಹೋಗ್ತಿದ್ದೀನಿ, ಹೋ ಚಿ ಮಿನ್ ಸಿಟಿಯಲ್ಲಿ ಒಂದೇ ದಿನ ಇದೆ. ಕು ಚಿ ಸುರಂಗ, ಮೆಕಾಂಗ್ ನದಿ ಎರಡೂ ಸೇರಿದ ಟೂರ್ ತಗೊಳ್ಳಬಹುದಾ?

ಬೇಡ. ಬೆಳಿಗ್ಗೆ ಯುದ್ಧದ ಸುರಂಗ, ಮಧ್ಯಾಹ್ನ ನದಿ ಹಳ್ಳಿ, ಒಬ್ಬನೇ ಗೈಡ್, ಒಂದೇ ಸಲ ದುಡ್ಡು ಅನ್ನೋ ಲೆಕ್ಕ ಹಾಕಿ, ಅಪ್ಪ ಅಮ್ಮನ ಜೊತೆ ಹೋದಾಗ ನಾನು ಬುಕ್ ಮಾಡಿದ್ದೂ ಇಂಥದ್ದನ್ನೇ.

ನಮ್ಮದು ತಿಪಟೂರು ಕಡೆ ಊರು. ಅಪ್ಪ ತೆಂಗು ಬೆಳೆಯುವವರು. ಅವರು ವಿಯೆಟ್ನಾಂಗೆ ಬರಲು ಒಪ್ಪಿದ್ದೇ ಫೋನಿಗೆ ಬಂದ ಒಂದು ವಿಡಿಯೋ ನೋಡಿ. ಬೆನ್ ತ್ರೆ ಅನ್ನೋ ಕಡೆ ತೆಂಗಿನಕಾಯಿಗಳನ್ನು ಗಾಡಿಗೆ ತುಂಬದೆ ಕಾಲುವೆಗೆ ಬಿಟ್ಟು, ರಾಶಿಗಟ್ಟಲೆ ತೇಲಿಸಿಕೊಂಡು ಹೋಗುತ್ತಿದ್ದರು. ಅಪ್ಪನಿಗೆ ಅದನ್ನು ನೋಡಬೇಕಿತ್ತು. ನನಗೆ ಕು ಚಿ ನೋಡಬೇಕಿತ್ತು. ಅಮ್ಮ ಎಲ್ಲಿಗಾದರೂ ಸರಿ, ಮೀನು ಹಾಕದ ಊಟ ಸಿಕ್ಕರೆ ಸಾಕು ಅಂದರು. ಎರಡೂ ಸೇರಿದ ಟೂರ್ ಕಂಡಿತು. ಎಲ್ಲರಿಗೂ ಅವರವರ ಪಾಲು ಸಿಗುತ್ತದೆ ಅಂದುಕೊಂಡೆ.

ಮೊದಲು ಮ್ಯಾಪ್ ತೆಗೆದು ನೋಡಿ. ಕು ಚಿ ಇರುವುದು ಊರಿನ ವಾಯವ್ಯಕ್ಕೆ. ಜಾಸ್ತಿ ಟೂರ್‌ಗಳು ಹೋಗುವ ಬೆನ್ ದಿನ್ ಅನ್ನೋ ಜಾಗ ಸುಮಾರು 50 ಕಿ.ಮೀ. ದೂರ. ಮೆಕಾಂಗ್ ದೋಣಿ ಹತ್ತುವ ಮಿ ಥೋ ಇರುವುದು ನೈಋತ್ಯಕ್ಕೆ, ಸುಮಾರು 70 ಕಿ.ಮೀ. ಒಂದು ಕಡೆ ಹೋಗಿ, ಹಿಂದೆ ಬಂದು, ಊರಿನ ಟ್ರಾಫಿಕ್ ದಾಟಿ, ಇನ್ನೊಂದು ಕಡೆ ಹೋಗಬೇಕು. 200 ಕಿ.ಮೀ. ಮೇಲಾಗುತ್ತದೆ. ಮೊಣಕಾಲು ನೋವಿರುವವರನ್ನು ವ್ಯಾನಿನಲ್ಲಿ ಅಷ್ಟು ಹೊತ್ತು ಕೂರಿಸುವುದೇ ಸರಿಯಲ್ಲ.

ಕು ಚಿಯಲ್ಲಿ ಎಲ್ಲರೂ ಸುರಂಗದ ಬಾಯಿಯ ಹತ್ತಿರ ಫೋಟೋ ತೆಗೆಸಿಕೊಳ್ಳುತ್ತಿದ್ದರು. ಅಪ್ಪ ಕೂತು ಮಣ್ಣು ಮುಟ್ಟಿ ನೋಡುತ್ತಿದ್ದರು. 'ಇಷ್ಟು ಅಗೆದರೂ ಕುಸಿದಿಲ್ವಲ್ಲ, ಕೇಳು' ಅಂದರು. ಕೇಳಿದೆ. ಜೇಡಿ ಸೇರಿದ ಗಟ್ಟಿ ಮಣ್ಣು, ಒಣಗಿದರೆ ಕಲ್ಲಿನ ಹಾಗೆ ಆಗುತ್ತದೆ ಅಂದ ಗೈಡ್. 1940ರ ದಶಕದ ಕೊನೆಯಲ್ಲಿ ಫ್ರೆಂಚರ ವಿರುದ್ಧ ಹೋರಾಡುವಾಗ ಅಗೆಯಲು ಶುರು ಮಾಡಿದ್ದು. 60ರ ದಶಕದಲ್ಲಿ ಅಮೆರಿಕದ ಸೇನೆ ಬಂದ ಮೇಲೆ ಊರಿಂದೂರಿಗೆ ಹಬ್ಬಿ 200 ಕಿ.ಮೀ. ದಾಟಿತು. ಕೆಲವು ಕಡೆ ಮೂರು ಅಂತಸ್ತು. ಅಡುಗೆ ಹೊಗೆಯನ್ನು ಉದ್ದನೆಯ ಕೊಳವೆಗಳಲ್ಲಿ ಹಾಯಿಸಿ, ದೂರದಲ್ಲಿ ತೆಳ್ಳಗೆ ಹೊರಗೆ ಬಿಡುತ್ತಿದ್ದರು. ಬೆಳಗಿನ ಮಂಜಿನಲ್ಲಿ ಬೇಯಿಸಿಬಿಟ್ಟರೆ ಮೇಲಿನಿಂದ ವಿಮಾನಕ್ಕೆ ಕಾಣುತ್ತಿರಲಿಲ್ಲ. ಗಾಳಿಗೆ ಬಿಟ್ಟ ತೂತುಗಳನ್ನು ಹುತ್ತದ ಹಾಗೆ ಮಾಡಿ ಮುಚ್ಚುತ್ತಿದ್ದರು. ಅಮ್ಮ ಆ ಒಲೆಯ ಮುಂದಿಂದ ಏಳಲೇ ಇಲ್ಲ.

ಅಪ್ಪ ಕೇಳಿದ ಎರಡನೇ ಪ್ರಶ್ನೆ: ಅಗೆದ ಮಣ್ಣನ್ನು ಎಲ್ಲಿ ಹಾಕಿದರು? ಹೊಸ ಮಣ್ಣಿನ ಗುಡ್ಡೆ ಕಂಡರೆ ಸೈನಿಕರಿಗೆ ಗೊತ್ತಾಗುತ್ತದೆ ಅಲ್ವಾ? ಗೈಡಿಗೂ ಖುಷಿಯಾಯಿತು. ಬಾಂಬ್ ಬಿದ್ದ ಗುಂಡಿಗಳಿಗೆ ತುಂಬಿದರು, ಗದ್ದೆಯ ಸಾಲಿಗೆ ಸೇರಿಸಿದರು, ಹೊಳೆಗೆ ಸುರಿದರು ಅಂತ ಹೇಳುವಷ್ಟರಲ್ಲಿ ಡ್ರೈವರ್ ಫೋನು ಬಂತು. ಮಿ ಥೋ ದೋಣಿಗೆ ಹೊತ್ತಾಗುತ್ತಿದೆ, ಬೇಗ ಬನ್ನಿ ಅಂತ. ಮಾತು ಅಲ್ಲಿಗೇ ನಿಂತಿತು. ಸುರಂಗ ಅಂದರೆ ಸೈನಿಕರ ಕಥೆ ಅಂದುಕೊಂಡು ಹೋಗಿದ್ದೆ. ಹಗಲು ಗದ್ದೆಯಲ್ಲಿ, ರಾತ್ರಿ ಮಣ್ಣಿನೊಳಗೆ ಗುದ್ದಲಿ ಹಿಡಿದವರು ಒಂದೇ ಜನ ಅನ್ನುವುದು ನನಗೆ ಆ ಪ್ರಶ್ನೆಯಿಂದ ಗೊತ್ತಾಯಿತು.

ಮಿ ಥೋ ತಲುಪಿದಾಗ ಮೂರು ಗಂಟೆ ದಾಟಿತ್ತು. ಇಲ್ಲಿಂದ ನಾನು ಮಾಡಿದ ತಪ್ಪನ್ನು ಸ್ವಲ್ಪ ಉದ್ದಕ್ಕೇ ಹೇಳುತ್ತೇನೆ. ಯಾವ ಬುಕಿಂಗ್ ಪುಟದಲ್ಲೂ ಇದನ್ನು ಹೇಳುವುದಿಲ್ಲ.

ಮೆಕಾಂಗ್ ಅಂದರೆ ನಮ್ಮ ಕಾವೇರಿಯ ಹಾಗೆ ಒಂದೇ ಕಡೆ ಹರಿಯುವ ನೀರು ಅಂತ ನನ್ನ ತಲೆಯಲ್ಲಿತ್ತು. ಯಾವ ಹೊತ್ತಿಗೆ ಹೋದರೂ ನದಿ ನದಿಯೇ ಅಂತ. ಆದರೆ ಈ ಭಾಗ ಸಮುದ್ರಕ್ಕೆ ಹತ್ತಿರ. ಉಬ್ಬರ ಇಳಿತ ಮಿ ಥೋ ತನಕ, ಅಲ್ಲಿಂದ ಇನ್ನೂ ಮೇಲಕ್ಕೂ ಬರುತ್ತದೆ. ನೀರು ದಿನಕ್ಕೆ ಎರಡು ಸಲ ಏರುತ್ತದೆ, ಎರಡು ಸಲ ಇಳಿಯುತ್ತದೆ. ಆ ಹೊತ್ತು ದಿನದಿಂದ ದಿನಕ್ಕೆ ಮುಂದೆ ಸರಿಯುತ್ತದೆ. ಇವತ್ತು ಬೆಳಿಗ್ಗೆ ಹತ್ತಕ್ಕೆ ತುಂಬಿದ್ದರೆ, ವಾರ ಬಿಟ್ಟು ಅದೇ ಹತ್ತಕ್ಕೆ ಖಾಲಿ ಇರಬಹುದು. ದೊಡ್ಡ ನದಿಯಲ್ಲಿ ಇದು ಅಷ್ಟಾಗಿ ಕಾಣುವುದಿಲ್ಲ. ಆದರೆ ನೀವು ನೋಡಬೇಕು ಅಂತಿರುವ ಹಳ್ಳಿ, ತೋಟ, ಕೈಯಿಂದ ಹುಟ್ಟು ಹಾಕುವ ಸಣ್ಣ ದೋಣಿ ಎಲ್ಲ ಇರುವುದು ಕವಲು ಕಾಲುವೆಗಳಲ್ಲಿ. ಇಳಿತದ ಹೊತ್ತಿನಲ್ಲಿ ಅಲ್ಲಿ ಕೆಸರು ಬಿಟ್ಟು ಏನೂ ಇರುವುದಿಲ್ಲ.

ನಾವು ಹೋಗಿದ್ದು ಸರಿಯಾಗಿ ಆಗಲೇ. ಥೋಯ್ ಸೋನ್ ದ್ವೀಪದ ಕಾಲುವೆಯಲ್ಲಿ ನಮ್ಮ ದೋಣಿ ತಳ ಹಿಡಿದು ನಿಂತಿತು. ದೋಣಿ ನಡೆಸುತ್ತಿದ್ದ ಹೆಂಗಸು ಕೆಳಗಿಳಿದು ಕೆಸರಿನಲ್ಲಿ ನಿಂತು ನಮ್ಮನ್ನು ತಳ್ಳಿದರು. ಅಮ್ಮ 'ನಾನೂ ಇಳೀತೀನಿ, ಪಾಪ' ಅಂತ ಎದ್ದರು, ಗೈಡ್ ಕೂರಿಸಿದ. ಆಮೇಲೆ ಜೇನಿನ ಚಹಾ ಹತ್ತು ನಿಮಿಷ, ಹಣ್ಣು ಮತ್ತು ಹಾಡು ಹತ್ತು ನಿಮಿಷ, ತೆಂಗಿನ ಮಿಠಾಯಿ ಅಂಗಡಿ ಹತ್ತು ನಿಮಿಷ. ಆ ಹಾಡು ದಕ್ಷಿಣ ವಿಯೆಟ್ನಾಮಿನ ದೋನ್ ಕಾ ತಾಯ್ ತು, ಯುನೆಸ್ಕೋ 2013ರಲ್ಲಿ ತನ್ನ ಪಟ್ಟಿಗೆ ಸೇರಿಸಿದ ಸಂಗೀತ. ಅದನ್ನು ಗಡಿಯಾರ ನೋಡುತ್ತಾ ಕೇಳಿಸಿಕೊಂಡೆವು. ತೆಂಗಿನ ತೋಟ ಎಲ್ಲಿ ಅಂತ ಅಪ್ಪ ಕೇಳಿದಾಗ ಗೈಡ್ ನದಿಯ ಆಚೆ ದಡಕ್ಕೆ ಕೈ ತೋರಿಸಿದ. ಬೆನ್ ತ್ರೆ ಅದೇ. ಹೊತ್ತು ಮುಳುಗುತ್ತಿತ್ತು. ಅಪ್ಪ ಏನೂ ಅನ್ನಲಿಲ್ಲ.

ಗೈಡಿನ ತಪ್ಪಲ್ಲ. ಅವನು ತನ್ನ ಕೈಲಾದಷ್ಟು ಮಾಡಿದ. ಬುಕ್ ಮಾಡುವಾಗ ನಾನು ಕೇಳಬೇಕಿದ್ದ ಒಂದೇ ಪ್ರಶ್ನೆ: ಆ ದಿನ ಕಾಲುವೆಯಲ್ಲಿ ನೀರು ಯಾವಾಗ ಇರುತ್ತದೆ? ಅದನ್ನು ಕೇಳಿದ್ದರೆ ಮಧ್ಯಾಹ್ನಕ್ಕೆ ನದಿ ಇಟ್ಟಿರುವ ಯಾವ ಟೂರನ್ನೂ ಆ ದಿನ ತೆಗೆದುಕೊಳ್ಳುತ್ತಿರಲಿಲ್ಲ. ನೀವು ಕೇಳಿ. ಉತ್ತರ ಕೊಡದವರ ಹತ್ತಿರ ಬುಕ್ ಮಾಡಬೇಡಿ. ಮಿ ಥೋ ಉಬ್ಬರದ ಸಮಯ ಇಂಟರ್ನೆಟ್ಟಿನಲ್ಲೂ ಸಿಗುತ್ತದೆ.

ಮರುದಿನ ನಾವು ದಾ ನಾಂಗ್‌ಗೆ ಹೋಗಬೇಕಿತ್ತು. ಆ ವಿಮಾನ ಬಿಟ್ಟೆವು. ಮೂವರ ಟಿಕೆಟ್ ದುಡ್ಡು ವಾಪಸ್ ಬರಲಿಲ್ಲ. ಬೆಳಗ್ಗೆ ಬೇಗ ಎದ್ದು ಮಿಯೆನ್ ತಾಯ್ ಬಸ್ ನಿಲ್ದಾಣಕ್ಕೆ ಹೋಗಿ ಬೆನ್ ತ್ರೆ ಬಸ್ ಹತ್ತಿದೆವು. ಎರಡು ಗಂಟೆ ಸುಮಾರಿನ ದಾರಿ. 2009ರಲ್ಲಿ ರಾಚ್ ಮಿಯು ಸೇತುವೆ ಆಗುವ ಮುಂಚೆ ಇಲ್ಲಿ ನದಿ ದಾಟಲು ಫೆರಿಗೆ ಕಾಯಬೇಕಿತ್ತು. (ಈಗ ಮ್ಯಾಪಿನಲ್ಲಿ ಬೆನ್ ತ್ರೆ ವಿನ್ ಲಾಂಗ್ ಪ್ರಾಂತ್ಯದ ಕೆಳಗೆ ಬರುತ್ತದೆ. 2025ರ ಜುಲೈನಲ್ಲಿ ಪ್ರಾಂತ್ಯಗಳನ್ನು ಸೇರಿಸಿದರು. ಗಾಬರಿಯಾಗಬೇಡಿ, ಜಾಗ ಅದೇ.)

ಉಳಿದುಕೊಂಡಿದ್ದು ಒಂದು ತೋಟದ ಮನೆಯಲ್ಲಿ. ಅಲ್ಲಿ ತೋಟ ಮಾಡುವ ರೀತಿ ಕೇಳಿ. ಸಾಲು ಸಾಲಾಗಿ ಕಾಲುವೆ ತೋಡಿ, ಆ ಮಣ್ಣನ್ನೇ ಪಕ್ಕಕ್ಕೆ ಏರಿ ಹಾಕಿ, ಏರಿಯ ಮೇಲೆ ತೆಂಗು ಇಡುತ್ತಾರೆ. ಉಬ್ಬರದಲ್ಲಿ ನೀರು ತಾನಾಗಿ ಒಳಗೆ ಬರುತ್ತದೆ. ಕೊಯ್ದ ಕಾಯಿ ಅದೇ ಕಾಲುವೆಗೆ ಬೀಳುತ್ತದೆ, ತೇಲಿಕೊಂಡು ದೋಣಿಯ ತನಕ ಹೋಗುತ್ತದೆ. ವಿಡಿಯೋದಲ್ಲಿ ನೋಡಿದ್ದನ್ನು ಅಪ್ಪ ಎದುರಿಗೆ ನಿಂತು ನೋಡಿದರು. ನೆಲಕ್ಕೆ ನೆಟ್ಟ ಕಬ್ಬಿಣದ ಮೊನೆಗೆ ಕಾಯಿ ಚುಚ್ಚಿ ಸಿಪ್ಪೆ ಸುಲಿಯುವುದು ಮಾತ್ರ ನಮ್ಮಲ್ಲಿ ಹೇಗೋ ಅಲ್ಲೂ ಹಾಗೇ. ಮನೆಯವರು ಕೊಟ್ಟ ಕಾಯನ್ನು ಅಪ್ಪ ಸುಲಿದು ತೋರಿಸಿದ ಮೇಲೆ ಭಾಷೆಯ ತೊಂದರೆಯೇ ಇರಲಿಲ್ಲ. ನಮ್ಮ ಕಡೆ ಕಾಯನ್ನು 10-11 ತಿಂಗಳು ಅಟ್ಟದ ಮೇಲಿಟ್ಟು ಉಂಡೆ ಕೊಬ್ಬರಿ ಮಾಡುತ್ತೇವೆ ಅಂದಾಗ ಅವರು ನಂಬಲಿಲ್ಲ. ಅಪ್ಪ ಊರಿಗೆ ಫೋನ್ ಮಾಡಿ, ಅಟ್ಟದ ವಿಡಿಯೋ ತರಿಸಿ ತೋರಿಸಿದರು.

'ನಾವು ಸಾವಿರ ಅಡಿ ಬೋರ್ ಕೊರೆಸ್ತೀವಿ, ಇವರಿಗೆ ನೀರು ಮನೆ ಬಾಗಿಲಿಗೆ ಬರ್ತದೆ' ಅಂತ ಅಪ್ಪ ಹೇಳಿದ್ದನ್ನು ಫೋನಿನಲ್ಲಿ ಅನುವಾದ ಮಾಡಿ ತೋರಿಸಿದೆ. ಆ ಮನೆಯವರು ತಲೆ ಅಲ್ಲಾಡಿಸಿದರು. 2016ರಲ್ಲಿ, ಆಮೇಲೆ 2020ರಲ್ಲಿ ಬೇಸಿಗೆಗೆ ನದಿ ಬಡವಾಗಿ ಸಮುದ್ರದ ಉಪ್ಪು ನೀರು ತುಂಬಾ ಒಳಗೆ ನುಗ್ಗಿತ್ತು. ಕುಡಿಯುವ ನೀರು ದುಡ್ಡು ಕೊಟ್ಟು ತಂದರಂತೆ. ಕಾಯಿ ಸಣ್ಣದಾಯಿತಂತೆ. ಅಂಗಳದಲ್ಲಿ ಸಾಲಾಗಿ ಇಟ್ಟಿದ್ದ ದೊಡ್ಡ ಮಣ್ಣಿನ ಹಂಡೆಗಳು ಮಳೆ ನೀರು ಹಿಡಿಯಲು ಅಂತ ಆಗ ಗೊತ್ತಾಯಿತು.

ಯುದ್ಧದ ಕಥೆ ಕು ಚಿಯಲ್ಲಿ ಮುಗಿಯಿತು ಅಂದುಕೊಂಡಿದ್ದೆ. ಆ ಮನೆಯ ಅಜ್ಜಿ ಇದೇ ಕಾಲುವೆಗಳನ್ನು ತೋರಿಸಿ ಮಾತು ತೆಗೆದರು. 1960ರ ಜನವರಿಯಲ್ಲಿ ಆಗಿನ ದಕ್ಷಿಣ ವಿಯೆಟ್ನಾಮಿನ ಸೈಗಾನ್ ಸರ್ಕಾರದ ವಿರುದ್ಧ ದೊಡ್ಡ ದಂಗೆ ಎದ್ದಿದ್ದು ಬೆನ್ ತ್ರೆಯಲ್ಲೇ. ಅದರ ಹೆಸರು ಡಾಂಗ್ ಖೋಯ್. ಮುಂದೆ ನಿಂತವರಲ್ಲಿ ನ್ಗುಯೆನ್ ಥಿ ದಿನ್ ಎಂಬ ಹೆಂಗಸೂ ಒಬ್ಬರು. ಆಮೇಲೆ ಅವರು ದಕ್ಷಿಣದ ವಿಮೋಚನಾ ಸೇನೆಯ ಉಪ ದಂಡನಾಯಕಿಯಾದರು. ಸೈಗಾನಿನಲ್ಲಿ, ಅಂದರೆ ಈಗಿನ ಹೋ ಚಿ ಮಿನ್ ಸಿಟಿಯಲ್ಲಿ, ಪ್ರವಾಸಿಗಳೆಲ್ಲ ಓಡಾಡುವ ಡಾಂಗ್ ಖೋಯ್ ರಸ್ತೆಗೆ ಹೆಸರು ಬಂದಿದ್ದು ಈ ದಂಗೆಯಿಂದ. 1967ರಲ್ಲಿ ಅಮೆರಿಕದವರು ಇದೇ ಕಾಲುವೆಗಳಲ್ಲಿ ಹೋರಾಡಲು ಭೂಸೇನೆ ನೌಕಾಸೇನೆ ಸೇರಿದ ಒಂದು ಪಡೆ ಕಟ್ಟಿದರು. ನದಿಯ ಮರಳು ಎತ್ತಿ ಭರ್ತಿ ಮಾಡಿದ ನೆಲದಲ್ಲಿ ಅದರ ನೆಲೆ ಇತ್ತು. ಡಾಂಗ್ ತಾಮ್ ಅಂತ ಅದರ ಹೆಸರು, ಮಿ ಥೋ ಪಕ್ಕದಲ್ಲೇ. ನಾವು ಜೇನಿನ ಚಹಾ ಕುಡಿದು ಬಂದ ಊರು ಅದು! ದಡದಲ್ಲಿ ಒತ್ತಾಗಿ ಬೆಳೆಯುವ 'ನೀರು ತೆಂಗು' (ನಿಪಾ ತಾಳೆ) ಗಿಡದ ಗರಿಗಳ ಹಿಂದೆ ಜನ ಅಡಗುತ್ತಾರೆ ಅಂತ ವಿಮಾನದಿಂದ ವಿಷ ಸುರಿದು ಎಲೆ ಉದುರಿಸಿದರು.

ಅದಕ್ಕೇ ನಿಮ್ಮ ಪ್ರಶ್ನೆಯ ಬುಡವೇ ನನಗೆ ಒಪ್ಪಿಗೆಯಿಲ್ಲ. ಯುದ್ಧಕ್ಕೆ ಅರ್ಧ ದಿನ, ನದಿಗೆ ಅರ್ಧ ದಿನ ಅಂತ ಯಾಕೆ ಭಾಗ ಮಾಡಬೇಕು? ಹಳ್ಳಿಯವರು ಬದುಕಿದ್ದೂ ಹೋರಾಡಿದ್ದೂ ಅದೇ ನೀರಿನಲ್ಲಿ. ಒಂದು ಕಡೆ ಕೂತು ಕೇಳಿದರೆ ಎರಡೂ ಸಿಗುತ್ತವೆ.

ನಿಮಗೆ ಒಂದೇ ದಿನ ಇದ್ದು ಜೊತೆಗೆ ಅಪ್ಪ ಅಮ್ಮ ಇದ್ದರೆ ಬೆನ್ ತ್ರೆಗೆ ಹೋಗಿ. ಬಸ್ ಕಷ್ಟ ಆದರೆ ಕಾರು ಮಾಡಿಕೊಳ್ಳಿ. ಉಬ್ಬರ ನೋಡಿ ಹೊರಡಿ. ಕು ಚಿ ಬಿಡಲು ಮನಸ್ಸಿಲ್ಲ ಅಂದರೆ ಅದೊಂದನ್ನೇ ನೋಡಿ, ಬೆನ್ ದಿನ್ ಬದಲು ಇನ್ನೂ ಸ್ವಲ್ಪ ದೂರದ ಬೆನ್ ಡುವೊಕ್‌ಗೆ ಹೋಗಿ. ಜನ ಕಡಿಮೆ. ಸತ್ತ 44,000ಕ್ಕೂ ಹೆಚ್ಚು ಜನರ ಹೆಸರು ಕೆತ್ತಿದ ಸ್ಮಾರಕ ಮಂದಿರ ಅಲ್ಲಿದೆ. ಸೈಗಾನ್ ನದಿಯಲ್ಲಿ ದೋಣಿಯಲ್ಲೇ ಕು ಚಿಗೆ ಕರೆದುಕೊಂಡು ಹೋಗುವವರಿದ್ದಾರೆ, ದುಡ್ಡು ಜಾಸ್ತಿ. ಆದರೆ ಕೆಲವು ಸುರಂಗಗಳ ಬಾಯಿ ಅದೇ ನದಿಗೆ ತೆರೆದುಕೊಂಡಿತ್ತು, ಹಾಗಾಗಿ ನದಿಯ ಕಡೆಯಿಂದ ಹೋಗುವುದೇ ಸರಿ ಅನ್ನಿಸುತ್ತದೆ. ಸುರಂಗದೊಳಗೆ ಅಪ್ಪ ಅಮ್ಮನನ್ನು ಇಳಿಸಬೇಡಿ. ಪ್ರವಾಸಿಗಳಿಗೆ ಅಗಲ ಮಾಡಿದ್ದರೂ ಬಗ್ಗಿಕೊಂಡೇ ಹೋಗಬೇಕು, ಸೆಖೆಗೆ ಉಸಿರು ಕಟ್ಟುತ್ತದೆ. ಗುಂಡಿಗೆ ಇಷ್ಟು ಅಂತ ದುಡ್ಡು ಕೊಟ್ಟು ಬಂದೂಕು ಹಾರಿಸುವ ಜಾಗವೂ ಇದೆ. ಅಷ್ಟು ಜನ ಸತ್ತ ನೆಲದಲ್ಲಿ ಅದು ನನಗೆ ಸಹಿಸಲಾಗಲಿಲ್ಲ.

ಊಟದ ವಿಷಯ: ಸಸ್ಯಾಹಾರ ಬೇಕಾದರೆ 'ಆನ್ ಚಾಯ್' ಅಂತ ಹಿಂದಿನ ದಿನವೇ ಹೇಳಿ, ಮೀನಿನ ಸಾಸ್ ಕೂಡ ಬೇಡ ಅಂತ ಬಿಡಿಸಿ ಹೇಳಿ. ತರಕಾರಿ ಪಲ್ಯಕ್ಕೂ ಅದನ್ನು ಹಾಕುತ್ತಾರೆ. ಅಮಾವಾಸ್ಯೆ, ಹುಣ್ಣಿಮೆ ಹೊತ್ತಿಗೆ ಅಲ್ಲಿನ ಬೌದ್ಧರಲ್ಲಿ ತುಂಬಾ ಜನ ಮಾಂಸ ಬಿಡುತ್ತಾರೆ, ಆಗ ಎಲ್ಲ ಕಡೆ ಸಿಗುತ್ತದೆ. ನಿಮ್ಮ ಪ್ರಯಾಣ ಜನವರಿ ಕೊನೆ ಅಥವಾ ಫೆಬ್ರವರಿಯಲ್ಲಿದ್ದರೆ ಟೆಟ್ (ಅವರ ಹೊಸ ವರ್ಷದ) ಹಬ್ಬ ಯಾವಾಗ ಅಂತ ಮೊದಲು ನೋಡಿಕೊಳ್ಳಿ. ಹಬ್ಬಕ್ಕೆ ಎಲ್ಲರೂ ಊರಿಗೆ ಹೋಗುತ್ತಾರೆ, ಬೆನ್ ತ್ರೆ ಬಸ್ಸಿನಲ್ಲಿ ಕಾಲಿಡಲು ಜಾಗ ಇರುವುದಿಲ್ಲ.