ಡಿಕ್ರಿ ಬಂತು, ಪಾಲು ಇನ್ನೂ ಕೈಗೆ ಬಂದಿಲ್ಲ: ಓದುಗರ ಕಾನೂನು ಪ್ರಶ್ನೆಗಳು

ಪ್ರಶ್ನೆ: ತಂದೆ ಉಯಿಲು ಬರೆಯದೆ ತೀರಿಕೊಂಡರು. ಅವರ ಸ್ವಯಾರ್ಜಿತವಾಗಿ 30x40 ಅಡಿ ನಿವೇಶನದಲ್ಲಿ ಒಂದು ಮನೆ, ಊರಲ್ಲಿ 3 ಎಕರೆ 12 ಗುಂಟೆ ಜಮೀನಿದೆ. ಅಮ್ಮ, ಇಬ್ಬರು ಅಣ್ಣಂದಿರು ಮತ್ತು ನಾನು ವಾರಸುದಾರರು. ನನಗೆ ಕಾಲು ಪಾಲೆಂದು ನ್ಯಾಯಾಲಯದಲ್ಲಿ ಡಿಕ್ರಿಯಾಗಿದೆ. ಆದರೆ ಪಹಣಿ ಬದಲಾಗಿಲ್ಲ. ಮನೆಯನ್ನು ಮಾರಿಸಿ ಹಣ ಪಡೆಯಬಹುದೇ?

ಉತ್ತರ: ನಿಮ್ಮ ಕೈಯಲ್ಲಿರುವುದು ಪ್ರಾಥಮಿಕ ಡಿಕ್ರಿ. ಯಾರಿಗೆ ಎಷ್ಟು ಪಾಲು ಎಂಬುದಷ್ಟೇ ಅದರಲ್ಲಿರುತ್ತದೆ. ಯಾವ ಮೂಲೆ, ಯಾವ ಚೆಕ್ಕುಬಂದಿ ಎಂಬುದು ಇರುವುದಿಲ್ಲ. ಅದಕ್ಕೆ ಅಂತಿಮ ಡಿಕ್ರಿಯೇ ಆಗಬೇಕು. ವಕೀಲರು ‘ಎಫ್‌ಡಿಪಿ’ (ಫೈನಲ್ ಡಿಕ್ರಿ ಪ್ರೊಸೀಡಿಂಗ್ಸ್) ಎನ್ನುವುದು ಈ ಹಂತವನ್ನೇ.

ಮನೆ ಮತ್ತು ಜಮೀನಿನ ದಾರಿ ಬೇರೆ ಬೇರೆ. ಕಂದಾಯ ಕಟ್ಟುವ ಜಮೀನನ್ನು ಸಿವಿಲ್ ಪ್ರಕ್ರಿಯಾ ಸಂಹಿತೆಯ 54ನೇ ಕಲಂಗೆ ಕರ್ನಾಟಕ ತಂದ ತಿದ್ದುಪಡಿ ಪ್ರಕಾರ ನ್ಯಾಯಾಲಯವೇ ವಿಭಾಗಿಸುತ್ತದೆ; ಬೇಕಿದ್ದರೆ ತಹಶೀಲ್ದಾರ್ ದರ್ಜೆಗೆ ಕಡಿಮೆಯಿಲ್ಲದ ಕಂದಾಯ ಅಧಿಕಾರಿಯಿಂದ ಅಥವಾ ತಾನು ನೇಮಿಸುವ ಕಮಿಷನರಿಂದ ವರದಿ ಪಡೆಯುತ್ತದೆ. ನಿಮ್ಮದು ಒಟ್ಟು 132 ಗುಂಟೆ, ತಲಾ 33. ಆದರೆ ಗುಂಟೆ ಸಮ ಬಂದ ಮಾತ್ರಕ್ಕೆ ಪಾಲು ಸಮವಾಗದು. ರಸ್ತೆ ಬದಿಯ 33 ಗುಂಟೆಗೂ ಹಿಂದಿನ ಕಲ್ಲುಭೂಮಿಯ 33 ಗುಂಟೆಗೂ ಬೆಲೆ ಎಲ್ಲಿಂದೆಲ್ಲಿಗೆ! ಅಳತೆಯ ದಿನ ಸ್ಥಳದಲ್ಲೇ ಇರಿ. ಬಂಡಿದಾರಿ ಎಲ್ಲಿ, ಬೋರ್‌ವೆಲ್ ಯಾರ ಪಾಲಿಗೆ, ನೀರಿನ ಸರದಿ ಹೇಗೆ ಎಂಬುದನ್ನು ನಕ್ಷೆಯಲ್ಲೂ ವರದಿಯಲ್ಲೂ ಬರೆಸಿ. ದಾರಿ ಬರೆಸದೆ ಬಿಟ್ಟವರು ಮತ್ತೆ ಹೊಸ ದಾವೆ ಹೂಡಬೇಕಾಗುತ್ತದೆ.

ಮನೆಗೆ ನ್ಯಾಯಾಲಯ, ಸ್ಥಳ ನೋಡಿ ವರದಿ ಕೊಡುವ ಕಮಿಷನರನ್ನು ನೇಮಿಸುತ್ತದೆ. 1,200 ಚದರಡಿಯನ್ನು ನಾಲ್ಕು ಮಾಡಿದರೆ ತಲಾ 300. ಅದರಲ್ಲೇ ಮೆಟ್ಟಿಲು, ಓಡಾಡುವ ಜಾಗವೂ ಹೋಗಬೇಕು. ಹೀಗೆ ಹಂಚಲು ಬಾರದ ಆಸ್ತಿಯನ್ನು 1893ರ ವಿಭಜನಾ ಕಾಯ್ದೆಯ 2ನೇ ಕಲಂ ಪ್ರಕಾರ ಮಾರಿಸಿ ಹಣ ಹಂಚಬಹುದು. ಆದರೆ ಅರ್ಧ ಅಥವಾ ಅದಕ್ಕಿಂತ ಹೆಚ್ಚು ಪಾಲುಳ್ಳವರು ಕೇಳಿಕೊಳ್ಳಬೇಕು. ನಿಮ್ಮ ಕಾಲು ಪಾಲೊಂದೇ ಸಾಲದು, ಅಮ್ಮನೂ ಸೇರಿದರೆ ಅರ್ಧವಾಗುತ್ತದೆ.

ಇಲ್ಲೇ ಬಹಳ ಜನ ಎಡವುವುದು. ನೀವು ಮಾರಾಟ ಕೇಳಿದ ಕೂಡಲೇ 3ನೇ ಕಲಂ ಪ್ರಕಾರ ನಿಮ್ಮ ಪಾಲನ್ನು ಮೌಲ್ಯಮಾಪನದ ಬೆಲೆಗೆ ಕೊಳ್ಳಲು ಅಣ್ಣಂದಿರು ಅರ್ಜಿ ಹಾಕಬಹುದು. ಹರಾಜಿನಲ್ಲಿ ಹೆಚ್ಚು ಸಿಗುವುದೆಂಬ ನಿರೀಕ್ಷೆ ಆಗ ಮುಗಿಯಿತು. ಮನೆ ನಿಮಗೇ ಬೇಕಿದ್ದರೆ ಮಾರಾಟ ಕೇಳಲೇಬೇಡಿ. ಅವರು ಕೇಳುವವರೆಗೆ ಕಾದು, ನೀವು ಕೊಳ್ಳುವ ಅರ್ಜಿ ಹಾಕಿ. ಕೊಳ್ಳುತ್ತೇನೆಂದು ನಿಗದಿತ ಹಣ ಕಟ್ಟದಿದ್ದರೆ ಆ ಅರ್ಜಿಯ ಖರ್ಚೆಲ್ಲ ಮೈಮೇಲೆ ಬರುತ್ತದೆ.

ಇನ್ನೊಂದು ಮಾತು. ತಂದೆ ತೀರಿಕೊಂಡಾಗ ನಿಮ್ಮ ಅಜ್ಜಿ, ಅಂದರೆ ತಂದೆಯ ತಾಯಿ, ಬದುಕಿದ್ದರೇ? 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯಂತೆ ಅವರೂ ಮೊದಲ ವರ್ಗದ ವಾರಸುದಾರರು. ಆಗ ಪಾಲು ನಾಲ್ಕಲ್ಲ, ಐದು. ಅಂತಿಮ ಡಿಕ್ರಿ ಆಗುವ ಮೊದಲೇ ಇದನ್ನು ಸರಿಪಡಿಸಿಕೊಳ್ಳಿ. ನಡುವೆ ಪಾಲುದಾರರೊಬ್ಬರು ತೀರಿಕೊಂಡರೂ ಪಾಲು ಬದಲಾಗುತ್ತದೆ. ಅದಕ್ಕೆ ಎರಡನೇ ಪ್ರಾಥಮಿಕ ಡಿಕ್ರಿ ಮಾಡಲು ಅಡ್ಡಿಯಿಲ್ಲ.

ಪ್ರಶ್ನೆ: 2008ರಲ್ಲಿ ಪ್ರಾಥಮಿಕ ಡಿಕ್ರಿಯಾಯಿತು, ಆಮೇಲೆ ಸುಮ್ಮನಿದ್ದೆವು. ಅವಧಿ ಮೀರಿತೇ?

ಉತ್ತರ: ಇಲ್ಲ. ಅಂತಿಮ ಡಿಕ್ರಿ ಕೇಳಲು ಕಾಲಮಿತಿ ಇಲ್ಲವೆಂದು ಸುಪ್ರೀಂ ಕೋರ್ಟ್ 2009ರಲ್ಲೇ ಹೇಳಿದೆ. ಪ್ರಾಥಮಿಕ ಡಿಕ್ರಿಯ ನಂತರ ಪ್ರತ್ಯೇಕ ಅರ್ಜಿಗೆ ಕಾಯದೆ ವಿಚಾರಣಾ ನ್ಯಾಯಾಲಯವೇ ಮುಂದುವರಿಯಬೇಕೆಂದು 2022ರಲ್ಲಿ ಮತ್ತೆ ಹೇಳಿತು. ಅಂತಿಮ ಡಿಕ್ರಿಯಾದ ಮೇಲೆ ಮಾತ್ರ ಎಚ್ಚರ: ಅದನ್ನು ಜಾರಿ ಮಾಡಿಸಲು 12 ವರ್ಷ. ಅಂತಿಮ ಡಿಕ್ರಿ ಬರೆಯಲು ಬೇಕಾದ ಛಾಪಾ ಕಾಗದ ತಡವಾಗಿ ಕೊಟ್ಟರೂ ಲೆಕ್ಕ ಡಿಕ್ರಿಯ ದಿನದಿಂದಲೇ ಶುರು. ಛಾಪಾ ಕಾಗದ ಕೊಟ್ಟು, ಡಿಕ್ರಿಯ ಪ್ರತಿ ಪಡೆದ ವಾರದಲ್ಲೇ ಪೋಡಿಗೂ (ಸರ್ವೆ ನಂಬರನ್ನು ಪಾಲಿನಂತೆ ಬೇರ್ಪಡಿಸಲು) ಖಾತೆ ಬದಲಾವಣೆಗೂ ಅರ್ಜಿ ಹಾಕಿ.